5/6 ರಲ್ಲಿ 1/4 ಕಳೆದರೆ 2 ಉಳಿಯುವುದು ಹೇಗೆ?

ಪ್ರಶ್ನೆ: ಸರ್, ನನ್ನ ಮಗಳು ದಾವಣಗೆರೆಯಲ್ಲಿ ಆರನೇ ತರಗತಿ ಓದುತ್ತಿದ್ದಾಳೆ. ಭಿನ್ನರಾಶಿಗಳ ಗುಣಾಕಾರ ಚೆನ್ನಾಗಿ ಮಾಡುತ್ತಾಳೆ, ಕಳೆಯುವ ಲೆಕ್ಕ ಬಂದರೆ ಎಡವುತ್ತಾಳೆ. 5/6 − 1/4 ಕೊಟ್ಟರೆ ಮೇಲಿನದರಲ್ಲಿ ಮೇಲಿನದು, ಕೆಳಗಿನದರಲ್ಲಿ ಕೆಳಗಿನದು ಕಳೆದು 4/2, ಅಂದರೆ 2 ಎಂದು ಬರೆಯುತ್ತಾಳೆ. 'ಗುಣಾಕಾರದಲ್ಲಿ ಹಂಗೇ ಮಾಡ್ತೀವಲ್ಲ, ಇಲ್ಲಿ ಯಾಕೆ ಮಾಡಬಾರದು?' ಎಂದು ಕೇಳುತ್ತಾಳೆ. ನನಗೆ ಹೇಳಲು ಬರಲಿಲ್ಲ. ನಾನು ಓದುವಾಗ ಕಲಿತ ಓರೆ ಗುಣಾಕಾರ ತೋರಿಸಿದೆ, 14/24 ಬಂತು. ಪುಸ್ತಕದ ಹಿಂದೆ 7/12 ಇದೆ. ಲ.ಸಾ.ಅ. (ಲಘುತಮ ಸಾಮಾನ್ಯ ಅಪವರ್ತ್ಯ, ಅಂದರೆ ಕೆಳಗಿನ ಎರಡೂ ಅಂಕಿಗಳಿಂದ ಭಾಗವಾಗುವ ಅತಿ ಚಿಕ್ಕ ಸಂಖ್ಯೆ) ತೆಗೆದೇ ಮಾಡಬೇಕು ಎಂದು ಶಾಲೆಯಲ್ಲಿ ಹೇಳಿದ್ದಾರಂತೆ. 3 1/4 ರಲ್ಲಿ 1 2/3 ಕಳೆ ಎಂದರಂತೂ ಪೆನ್ಸಿಲ್ ಕೆಳಗಿಟ್ಟು ಕೂತುಬಿಡುತ್ತಾಳೆ. ನಮ್ಮದು ಹರಿಹರದ ಕಡೆಯ ರೈತ ಕುಟುಂಬ, ನಾನು ಓದಿದ್ದು ಹತ್ತನೇ ತರಗತಿ. ಎಲ್ಲಿಂದ ಶುರು ಮಾಡಲಿ? — ಒಬ್ಬ ತಾಯಿ, ದಾವಣಗೆರೆ

ಉತ್ತರ: ತಾಯಿ, ನಿಮ್ಮ ಮಗಳ ಪ್ರಶ್ನೆ ಬಹಳ ಒಳ್ಳೆಯದು. ಒಂದು ಲೆಕ್ಕದಲ್ಲಿ ನಡೆದ ದಾರಿ ಇನ್ನೊಂದರಲ್ಲೂ ಯಾಕೆ ನಡೆಯಬಾರದು ಎಂದು ಕೇಳುವ ಮಗು ಯೋಚನೆ ಮಾಡುತ್ತಿದೆ. ಅದಕ್ಕೆ 'ನಿಯಮ ಹಂಗಿದೆ, ಸುಮ್ಮನೆ ಮಾಡು' ಎಂಬ ಉತ್ತರ ಮಾತ್ರ ಕೊಡಬೇಡಿ. ಚಿತ್ರದುರ್ಗದ ಕಡೆಯ ಶಾಲೆಗಳಲ್ಲಿ ಗಣಿತ ಹೇಳಿಕೊಟ್ಟವನಾಗಿ ಹೇಳುತ್ತೇನೆ, ಭಿನ್ನರಾಶಿಯಲ್ಲಿ ಹಿಂದೆ ಬೀಳುವ ಹೆಚ್ಚಿನ ಮಕ್ಕಳಿಗೆ ಲ.ಸಾ.ಅ. ತೆಗೆಯಲು ಬರುತ್ತದೆ. ಅದನ್ನು ಯಾಕೆ ತೆಗೆಯುತ್ತಿದ್ದೇವೆ ಎಂಬುದನ್ನು ಯಾರೂ ಅವರಿಗೆ ತೋರಿಸಿರುವುದಿಲ್ಲ.

ಮೊದಲು ಆ '2' ಎಂಬ ಉತ್ತರವನ್ನೇ ಅವಳ ಮುಂದಿಡಿ. ತಪ್ಪು ಎಂದು ಹೇಳಬೇಡಿ, ಎರಡು ಮಾತು ಕೇಳಿ. 5/6 ಒಂದಕ್ಕಿಂತ ಹೆಚ್ಚೋ ಕಡಿಮೆಯೋ? ಕಡಿಮೆ ಎನ್ನುತ್ತಾಳೆ. ಒಂದಕ್ಕಿಂತ ಕಡಿಮೆ ಇರುವುದರಲ್ಲಿ ಒಂದಿಷ್ಟು ತೆಗೆದ ಮೇಲೆ ಎರಡು ಉಳಿಯುತ್ತದೆಯೇ? ಇಲ್ಲಿ ಅವಳು ನಿಲ್ಲುತ್ತಾಳೆ. ನಿಲ್ಲಲಿ, ಅವಸರ ಮಾಡಬೇಡಿ. ಆಮೇಲೆ ಅವಳದೇ ದಾರಿಯಲ್ಲಿ 1/2 − 1/3 ಮಾಡಿಸಿ. ಮೇಲೆ 1 − 1, ಸೊನ್ನೆ. ಕೆಳಗೆ ಏನೇ ಬಂದರೂ ಉತ್ತರ ಸೊನ್ನೆಯೇ. ಹಾಗಾದರೆ ಅರ್ಧವೂ ಮೂರನೇ ಒಂದು ಭಾಗವೂ ಒಂದೇ ಎಂದಾಯಿತಲ್ಲ? ಕೊನೆಗೆ 3/4 − 2/4 ಕೊಡಿ. ಉತ್ತರ 1/4 ಎಂದು ಅವಳಿಗೆ ಈಗಾಗಲೇ ಗೊತ್ತು. ಆದರೆ ಅವಳ ದಾರಿ ಹಿಡಿದರೆ ಕೆಳಗೆ 4 − 4 = 0 ಬಂದು 1/0 ಆಗುತ್ತದೆ, ಅದಕ್ಕೆ ಅರ್ಥವೇ ಇಲ್ಲ. ಛೇದಗಳು, ಅಂದರೆ ಕೆಳಗಿನ ಅಂಕಿಗಳು, ಒಂದೇ ಇರುವ ಅತಿ ಸುಲಭದ ಲೆಕ್ಕದಲ್ಲೇ ಕುಸಿಯುವ ದಾರಿಯನ್ನು ಬೇರೆ ಯಾರೂ ಬಂದು ಬಿಡಿಸಬೇಕಾಗಿಲ್ಲ, ಅವಳೇ ಬಿಡುತ್ತಾಳೆ.

ದೊಡ್ಡ ತರಗತಿಯ ಮಕ್ಕಳು ಮನೆಯಲ್ಲಿದ್ದರೆ ಅವರಿಗೂ ಇಲ್ಲಿ ಒಂದು ಕೆಲಸವಿದೆ. ಛೇದಗಳು ಬೇರೆ ಬೇರೆ ಇದ್ದು, ಮೊದಲ ಭಿನ್ನರಾಶಿಯ ಅಂಶ (ಮೇಲಿನ ಅಂಕಿ) ಎರಡನೆಯದರ ಅಂಶಕ್ಕಿಂತ ದೊಡ್ಡದಾಗಿದ್ದರೆ ಈ ತಪ್ಪು ದಾರಿ ಸರಿ ಉತ್ತರಕ್ಕೆ ಅಪ್ಪಿತಪ್ಪಿಯೂ ಬರುವುದಿಲ್ಲ. ಅಂಶ ಚಿಕ್ಕದಿದ್ದಾಗ ಅಪರೂಪಕ್ಕೆ ಬರಬಹುದು: 8/2 − 9/3 ಅಂದರೆ 4 − 3 = 1; ತಪ್ಪು ದಾರಿಯಲ್ಲೂ (8 − 9)/(2 − 3) = 1. ಯಾಕೆ ಹೀಗೆ ಎಂದು ಒಂಬತ್ತನೇ ತರಗತಿಯವರು ಅಕ್ಷರ ಹಾಕಿ ಬಿಡಿಸಿ ನೋಡಬಹುದು, ಚೆಂದದ ಲೆಕ್ಕ.

ಈಗ ಮೂಲ ವಿಷಯ. 5/6 ರಲ್ಲಿ ಮೇಲಿರುವ ಐದು ಎಣಿಕೆ: ಎಷ್ಟು ತುಂಡು ಇವೆ ಎಂದು ಹೇಳುತ್ತದೆ. ಕೆಳಗಿರುವ ಆರು ಹೇಳುವುದು ಆ ತುಂಡು ಎಷ್ಟು ದೊಡ್ಡದು ಎಂದು. ಇಡೀ ವಸ್ತುವನ್ನು ಆರು ಸಮಪಾಲು ಮಾಡಿದಾಗ ಒಂದು ಪಾಲು ಎಷ್ಟಾಗುತ್ತದೋ ಅಷ್ಟು. ಮಗುವಿನ ಕಣ್ಣಿಗೆ ಎರಡೂ ಅಂಕಿಗಳೇ, ಒಂದರ ಮೇಲೊಂದು ಕೂತಿವೆ, ಅದಕ್ಕೇ ಎರಡನ್ನೂ ಒಂದೇ ರೀತಿ ನಡೆಸಿಕೊಳ್ಳುತ್ತದೆ. ಕಳೆಯುವುದು ಎಂದರೆ ಇರುವ ತುಂಡುಗಳಲ್ಲಿ ಇಷ್ಟು ತುಂಡು ಆಚೆ ಇಟ್ಟು, ಉಳಿದವನ್ನು ಎಣಿಸುವುದು. ಆಗ ಎಣಿಕೆ ಬದಲಾಗುತ್ತದೆ, ತುಂಡಿನ ಗಾತ್ರ ಬದಲಾಗುವುದಿಲ್ಲ. ಏಳು ಗುಂಟೆಯಲ್ಲಿ ಮೂರು ಗುಂಟೆ ಮಾರಿದರೆ ನಾಲ್ಕು ಗುಂಟೆ ಉಳಿಯುತ್ತದೆ, ಗುಂಟೆ ಗುಂಟೆಯಾಗಿಯೇ ಇರುತ್ತದೆ. 7/9 − 3/9 = 4/9 ಆಗುವುದೂ ಹೀಗೆಯೇ.

ಗುಣಾಕಾರದಲ್ಲಿ ಆಗುವುದೇ ಬೇರೆ. 1/2 × 3/4 ಎಂದರೆ ಮುಕ್ಕಾಲು ಎಕರೆಯಲ್ಲಿ ಅರ್ಧ. ಕಾಲು ಎಕರೆಯ ಮೂರು ತಾಕುಗಳಿವೆ ಎನ್ನಿ. ಪ್ರತಿಯೊಂದನ್ನೂ ಎರಡಾಗಿ ಸೀಳಿ ಒಂದೊಂದು ಅರ್ಧ ತೆಗೆದುಕೊಂಡರೆ ಕೈಯಲ್ಲಿರುವುದು ಎಕರೆಯ ಎಂಟನೇ ಒಂದು ಭಾಗದ ಮೂರು ತಾಕು, 3/8. ಇಲ್ಲಿ ತುಂಡನ್ನೇ ಮತ್ತೆ ಕತ್ತರಿಸಿದ್ದೇವೆ. ನಾಲ್ಕನೇ ಒಂದು ಭಾಗ ಎಂಟನೇ ಒಂದು ಭಾಗವಾಯಿತು, ಆದ್ದರಿಂದ ಛೇದ ಬದಲಾಗಲೇಬೇಕು, 2 × 4 = 8. ಕಳೆಯುವಾಗ ಯಾವ ತುಂಡನ್ನೂ ಕತ್ತರಿಸುವುದಿಲ್ಲ. ನಿಮ್ಮ ಮಗಳ ಪ್ರಶ್ನೆಗೆ ಉತ್ತರ ಇಷ್ಟೇ. ಬಾಯಿಮಾತಲ್ಲಿ ಹೇಳಿ ಬಿಡಬೇಡಿ, ಕಾಗದ ಮಡಚಿ ತೋರಿಸಿ.

ಛೇದ ಬೇರೆ ಬೇರೆ ಇದ್ದಾಗ ಏನು ತೊಂದರೆ? ತುಂಡುಗಳ ಗಾತ್ರ ಬೇರೆ ಬೇರೆ. ಮುಕ್ಕಾಲು ಎಕರೆಯಲ್ಲಿ ಐದನೇ ಎರಡು ಎಕರೆ ಕಳೆಯಬೇಕು, 3/4 − 2/5. ಕಾಲು ಎಕರೆಯ ತಾಕುಗಳ ರಾಶಿಯಲ್ಲಿ ಐದನೇ ಒಂದು ಎಕರೆಯ ತಾಕು ಒಂದೂ ಇಲ್ಲ, ಯಾವುದನ್ನು ತೆಗೆಯುವುದು? ನಿಮ್ಮ ಮನೆಯವರು ಇದನ್ನು ಹೇಗೆ ಮಾಡುತ್ತಾರೆ ಕೇಳಿ ನೋಡಿ. ಎಕರೆಗೆ 40 ಗುಂಟೆ. ಮುಕ್ಕಾಲು ಎಕರೆ ಅಂದರೆ 30 ಗುಂಟೆ, ಐದನೇ ಎರಡು ಅಂದರೆ 16 ಗುಂಟೆ, ಉಳಿದದ್ದು 14 ಗುಂಟೆ. ಅದೇ 14/40, ಎರಡರಿಂದ ಭಾಗಿಸಿದರೆ 7/20 ಎಕರೆ. ಎರಡು ಬೇರೆ ಗಾತ್ರದ ತುಂಡುಗಳನ್ನು ಎರಡಕ್ಕೂ ಒಗ್ಗುವ ಒಂದು ಚಿಕ್ಕ ತುಂಡಿಗೆ ಇಳಿಸಿಕೊಂಡು ಎಣಿಸಿದೆವು. ಸಮಛೇದ ಮಾಡುವುದು ಎಂದು ಪುಸ್ತಕ ಹೇಳುವುದು ಇದನ್ನೇ. ನಿಮ್ಮ ಮನೆಯ ಪಹಣಿ ಇದನ್ನು ನಿಮ್ಮ ಮಗಳು ಹುಟ್ಟುವ ಮೊದಲಿನಿಂದ ಮಾಡಿಕೊಂಡು ಬಂದಿದೆ.

ಇಲ್ಲೇ ಇನ್ನೊಂದು ಪ್ರಯೋಗ ಮಾಡಿಸಿ. ಎಕರೆಯ ಆರನೇ ಒಂದು ಭಾಗ ಎಷ್ಟು ಗುಂಟೆ? ನಲವತ್ತನ್ನು ಆರರಿಂದ ಭಾಗಿಸಿದರೆ ಸರಿಯಾಗಿ ಹೋಗುವುದಿಲ್ಲ, ಆರು ಗುಂಟೆಯ ಮೇಲೆ ಮೂರನೇ ಎರಡು ಭಾಗ ಮಿಗುತ್ತದೆ. ಆದ್ದರಿಂದ 5/6 − 1/4 ಮಾಡಲು ಗುಂಟೆ ಒಗ್ಗುವುದಿಲ್ಲ. ಆರರಿಂದಲೂ ನಾಲ್ಕರಿಂದಲೂ ಭಾಗವಾಗುವ ಸಂಖ್ಯೆ ಬೇಕು. 24 ಆಗುತ್ತದೆ, 36 ಆಗುತ್ತದೆ, 48 ಆಗುತ್ತದೆ. ಎಲ್ಲಕ್ಕಿಂತ ಚಿಕ್ಕದು 12. ಎಕರೆಯನ್ನು ಹನ್ನೆರಡು ಪಾಲು ಮಾಡಿದರೆ ಆರನೇ ಒಂದು ಭಾಗದಲ್ಲಿ ಅಂಥ ಎರಡು ಪಾಲು, ಕಾಲು ಭಾಗದಲ್ಲಿ ಮೂರು ಪಾಲು. ಐದು ಸಲ ಎರಡು, ಹತ್ತು. 10/12 − 3/12 = 7/12.

ಹಾಗಾಗಿ ನಿಮ್ಮ ಓರೆ ಗುಣಾಕಾರ ತಪ್ಪಲ್ಲ. 5 × 4 = 20, 1 × 6 = 6, ವ್ಯತ್ಯಾಸ 14, ಕೆಳಗೆ 6 × 4 = 24. ನೀವು ಎಕರೆಯನ್ನು ಇಪ್ಪತ್ನಾಲ್ಕು ಪಾಲು ಮಾಡಿದಿರಿ, ಶಾಲೆಯವರು ಹನ್ನೆರಡು ಮಾಡಿದರು. 14/24 ಮತ್ತು 7/12 ಒಂದೇ ಜಾಗ. ಲ.ಸಾ.ಅ. ಇಲ್ಲದೆ ಲೆಕ್ಕವೇ ಆಗದು ಎಂಬುದು ನಿಜವಲ್ಲ, ಲ.ಸಾ.ಅ. ಕೆಲಸ ಉಳಿಸುತ್ತದೆ, ಅಷ್ಟೇ. ಆದರೂ ಓರೆ ಗುಣಾಕಾರವನ್ನು ಮೊದಲು ಕಲಿಸುವುದು ನನಗೆ ಇಷ್ಟವಿಲ್ಲ. ಅದರಲ್ಲಿ ಯಾವ ತುಂಡು ಎಷ್ಟಾಯಿತು ಎಂಬುದು ಮಗುವಿಗೆ ಕಾಣುವುದೇ ಇಲ್ಲ, ಕೈ ಓಡುತ್ತದೆ. ಅರ್ಥ ಕೂತ ಮೇಲೆ ಬೇಕಾದರೆ ಬಳಸಲಿ.

ಲ.ಸಾ.ಅ. ತೆಗೆಯಲು ಒಂದು ಹಳೆಯ ದಾರಿ ಇದೆ, ಅದು ನಮ್ಮ ನಾಡಿನದೇ. ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಕಾಲದಲ್ಲಿದ್ದ ಮಹಾವೀರಾಚಾರ್ಯರು ಸುಮಾರು ಕ್ರಿ.ಶ. 850ರಲ್ಲಿ ಬರೆದ ಸಂಸ್ಕೃತ ಗ್ರಂಥ 'ಗಣಿತಸಾರಸಂಗ್ರಹ'ದಲ್ಲಿ ಭಿನ್ನರಾಶಿಗಳಿಗೆ ವಿಸ್ತಾರವಾದ ಜಾಗ ಕೊಟ್ಟಿದ್ದಾರೆ. ಛೇದಗಳಲ್ಲಿರುವ ಸಾಮಾನ್ಯ ಅಪವರ್ತನಗಳನ್ನೂ, ಅವುಗಳಿಂದ ಭಾಗಿಸಿದಾಗ ಉಳಿಯುವ ಭಾಗಲಬ್ಧಗಳನ್ನೂ ಗುಣಿಸಿದರೆ ಬರುವ ಸಂಖ್ಯೆಯನ್ನು ಅವರು ನಿರುದ್ಧ ಎಂದು ಕರೆದರು. ಇಂದಿನ ಲ.ಸಾ.ಅ. ಅದೇ. 7/36 − 5/48 ತೆಗೆದುಕೊಳ್ಳಿ. 36 ಮತ್ತು 48 ಎರಡರಲ್ಲೂ 12 ಇದೆ. ಭಾಗಿಸಿದರೆ ಉಳಿಯುವುದು 3 ಮತ್ತು 4. ಈಗ 12 × 3 × 4 = 144. ಈ ದಾರಿಯ ಚೆಲುವು ಇನ್ನೊಂದು ಕಡೆ ಇದೆ: ಯಾವುದನ್ನು ಎಷ್ಟರಿಂದ ಗುಣಿಸಬೇಕು ಎಂದು ಮತ್ತೆ ಹುಡುಕಬೇಕಾಗಿಲ್ಲ. ಭಾಗಲಬ್ಧಗಳನ್ನು ಅದಲುಬದಲು ಮಾಡಿ. 36ಕ್ಕೆ ಬಂದದ್ದು 3, ಆದರೆ 36ನ್ನೂ ಅದರ ಮೇಲಿನ 7ನ್ನೂ 4ರಿಂದ ಗುಣಿಸಿ, 48ನ್ನೂ ಅದರ ಮೇಲಿನ 5ನ್ನೂ 3ರಿಂದ. 28/144 − 15/144 = 13/144. ಓರೆ ಗುಣಾಕಾರದಲ್ಲಿ ಮಾಡಿದ್ದರೆ 156/1728 ಬರುತ್ತಿತ್ತು, ಅದನ್ನು ಚಿಕ್ಕದು ಮಾಡುವುದರಲ್ಲೇ ಮಗು ಸುಸ್ತಾಗುತ್ತಿತ್ತು. ನಿಮ್ಮ 5/6, 1/4 ಕ್ಕೂ ಇದನ್ನೇ ಹಚ್ಚಿ: ಎರಡರಲ್ಲೂ 2 ಇದೆ, ಉಳಿದದ್ದು 3 ಮತ್ತು 2, ಒಟ್ಟು 12.

5/6 ನ್ನು 10/12 ಮಾಡುವಾಗ ಮಗು ಇನ್ನೊಂದು ಅನುಮಾನ ಕೇಳಬಹುದು: ಮೇಲೆ ಕೆಳಗೆ ಎರಡರಿಂದ ಗುಣಿಸಿದರೆ ಎರಡರಷ್ಟು ಆಗಲಿಲ್ಲವೇ? ಇಲ್ಲ. ತುಂಡುಗಳು ಎರಡರಷ್ಟಾದವು, ಪ್ರತಿ ತುಂಡೂ ಅರ್ಧಕ್ಕಿಳಿಯಿತು. ಮೇಲಿನದನ್ನು ಮಾತ್ರ ಗುಣಿಸಿ ಕೆಳಗಿನದನ್ನು ಹಾಗೇ ಬಿಟ್ಟರೆ, ಅಥವಾ ಛೇದ 12 ಎಂದು ಬರೆದು ಅಂಶ 5 ಅನ್ನು ಹಾಗೇ ಉಳಿಸಿದರೆ ಆಗ ಬೆಲೆ ಕೆಟ್ಟಿತು. ಈ ಎರಡನೇ ತಪ್ಪು, ಅಂದರೆ 5/12 − 1/12 ಎಂದು ಬರೆಯುವುದು, ತರಗತಿಗಳಲ್ಲಿ ಬಹಳ ಸಾಮಾನ್ಯ. ಲ.ಸಾ.ಅ. ತೆಗೆದರೆ ಕೆಲಸ ಮುಗಿಯಿತು ಎಂದು ಮಕ್ಕಳು ತಿಳಿದಿರುತ್ತಾರೆ.

ಗುಣಾಕಾರ ಚೆನ್ನಾಗಿ ಬರುವ ಮಕ್ಕಳಿಗೇ ಅಂಟುವ ಒಂದು ತಪ್ಪನ್ನು ಈಗಲೇ ಹೇಳಿಬಿಡುತ್ತೇನೆ, ನಿಮ್ಮ ಮಗಳು ಅದರ ಹತ್ತಿರದಲ್ಲೇ ಇದ್ದಾಳೆ. ಗುಣಿಸುವಾಗ ಓರೆಯಾಗಿ ಹೊಡೆದುಹಾಕುವುದು ಸರಿ. ಅದೇ ಅಭ್ಯಾಸದಲ್ಲಿ 5/6 − 3/10 ಬಂದಾಗಲೂ 5ಕ್ಕೂ 10ಕ್ಕೂ, 3ಕ್ಕೂ 6ಕ್ಕೂ ಗೆರೆ ಎಳೆಯುತ್ತಾರೆ. ಆಗ ಉಳಿಯುವುದು 1/2 − 1/2, ಸೊನ್ನೆ! ನಿಜವಾದ ಉತ್ತರ 25/30 − 9/30 = 16/30, ಅಂದರೆ 8/15, ಅರ್ಧಕ್ಕಿಂತ ಹೆಚ್ಚು. ಕಳೆಯುವ ಚಿಹ್ನೆಯನ್ನು ದಾಟಿ ಯಾವುದನ್ನೂ ಹೊಡೆಯಬಾರದು. ಇದೇ ಲೆಕ್ಕದಲ್ಲಿ ಇನ್ನೊಂದನ್ನೂ ಗಮನಿಸಿ: 30 ಸರಿಯಾದ ಲ.ಸಾ.ಅ., ಆದರೂ 16/30 ಚಿಕ್ಕ ರೂಪದಲ್ಲಿಲ್ಲ. ಲ.ಸಾ.ಅ. ಹಾಕಿದರೆ ಉತ್ತರ ತಾನಾಗಿ ಚಿಕ್ಕ ರೂಪದಲ್ಲಿ ಬರುತ್ತದೆ ಎಂದು ನಂಬಿ ಕೊನೆಯ ಹೆಜ್ಜೆ ಬಿಡುವವರು ಬಹಳ ಮಂದಿ.

ಇನ್ನು ಪೆನ್ಸಿಲ್ ಕೆಳಗಿಡಿಸುವ ಮಿಶ್ರ ಭಿನ್ನರಾಶಿ. 3 1/4 − 1 2/3. ಸಮಛೇದ ಮಾಡಿದರೆ 3 3/12 − 1 8/12. ಮೂರರಲ್ಲಿ ಎಂಟು ಹೋಗುವುದಿಲ್ಲ, ಪಕ್ಕದಿಂದ ಸಾಲ ತರಬೇಕು. ಇಲ್ಲಿ ಎಷ್ಟೋ ಮಕ್ಕಳು ಹತ್ತು ತರುತ್ತಾರೆ. ಮೂರು ಹದಿಮೂರಾಗುತ್ತದೆ, ಎಂಟು ಹೋಗಿ ಐದು, ಉತ್ತರ 1 5/12. ಚಿಕ್ಕ ತರಗತಿಯಿಂದ ಸಾಲ ಎಂದರೆ ಹತ್ತು ಎಂದೇ ಕೈ ಪಳಗಿದೆ, ಪಾಪ. ಮತ್ತೆ ಜಮೀನಿಗೇ ಬನ್ನಿ. ಪಹಣಿಯಲ್ಲಿ 2-10 ಎಂದಿರುವ ಜಮೀನು, ಎರಡು ಎಕರೆ ಹತ್ತು ಗುಂಟೆ. ಅದರಲ್ಲಿ 1-30 ಮಾರಿದರೆ ಉಳಿಯುವುದೆಷ್ಟು? ಮೊಬೈಲಿನಲ್ಲಿ 2.10 − 1.30 ಒತ್ತಿದರೆ 0.8 ತೋರಿಸುತ್ತದೆ, ಅಂದರೆ 0.80. ಎಂಬತ್ತು ಗುಂಟೆ ಎಂದು ಓದಿಕೊಂಡರೆ ಎರಡು ಎಕರೆ ಆಗಿಹೋಯಿತು! ಹೊಲದ ಲೆಕ್ಕ ಬಲ್ಲವರು ಹಾಗೆ ಮಾಡುವುದಿಲ್ಲ. ಒಂದು ಎಕರೆ ಒಡೆದು 40 ಗುಂಟೆ ತರುತ್ತಾರೆ, ಹತ್ತು ಸೇರಿ 50, ಮೂವತ್ತು ಹೋಗಿ 20 ಗುಂಟೆ. ಸಾಲಕ್ಕೆ ಎಷ್ಟು ಬರುತ್ತದೆ ಎಂಬುದನ್ನು ತುಂಡಿನ ಗಾತ್ರ ಹೇಳುತ್ತದೆ. ಎಕರೆ ಒಡೆದರೆ 40 ಗುಂಟೆ, ಗುಂಟೆ ಒಡೆದರೆ 16 ಆಣೆ, ಹನ್ನೆರಡನೇ ಪಾಲುಗಳ ಲೆಕ್ಕದಲ್ಲಿ ಒಂದು ಪೂರ್ಣ ಒಡೆದರೆ 12. ಆದ್ದರಿಂದ 3 3/12 ಎಂಬುದು 2 15/12 ಆಯಿತು. 15ರಲ್ಲಿ 8 ಹೋಗಿ 7, 2ರಲ್ಲಿ 1 ಹೋಗಿ 1. ಉತ್ತರ 1 7/12.

ಸಾಲವೇ ಬೇಡ ಎನ್ನುವವರು ವಿಷಮ ಭಿನ್ನರಾಶಿಗೆ ತಿರುಗಿಸಿಕೊಳ್ಳಬಹುದು: 13/4 − 5/3 = 39/12 − 20/12 = 19/12, ಅದೇ 1 7/12. ಸಂಖ್ಯೆಗಳು ಚಿಕ್ಕವಿದ್ದಾಗ ಸುಲಭ, 27 3/8 ಅಂಥದು ಬಂದರೆ ಕಷ್ಟ. ನನಗೆ ಬಹಳ ಇಷ್ಟವಾದದ್ದು ಮೂರನೇ ದಾರಿ, ಕೆಳಗಿನಿಂದ ಮೇಲಕ್ಕೆ ಎಣಿಸುವುದು. 1 2/3 ರಿಂದ 2ಕ್ಕೆ ಹೋಗಲು ಬೇಕು 1/3. 2ರಿಂದ 3 1/4 ಕ್ಕೆ ಬೇಕು 1 1/4. ಎರಡನ್ನೂ ಕೂಡಿಸಿ, 1 7/12. ಪರೀಕ್ಷೆಯಲ್ಲಿ ಹೇಳಿಕೊಟ್ಟ ಕ್ರಮದಲ್ಲೇ ಬರೆಯಲಿ, ಉತ್ತರ ತಾಳೆ ನೋಡಲು ಇದನ್ನು ಮನಸ್ಸಿನಲ್ಲಿ ಮಾಡಲಿ.

ಮಾತಿನ ಲೆಕ್ಕಗಳಲ್ಲಿ ಒಂದೇ ಎಚ್ಚರಿಕೆ ಸಾಕು. ಟ್ಯಾಂಕಿನಲ್ಲಿ ಮುಕ್ಕಾಲು ನೀರಿತ್ತು, ಟ್ಯಾಂಕಿನ ಮೂರನೇ ಒಂದು ಭಾಗದಷ್ಟು ಖರ್ಚಾಯಿತು ಎಂದರೆ 3/4 − 1/3 = 5/12 ಉಳಿಯಿತು. ಇದ್ದ ನೀರಿನಲ್ಲಿ ಮೂರನೇ ಒಂದು ಭಾಗ ಖರ್ಚಾಯಿತು ಎಂದರೆ ಖರ್ಚಾದದ್ದು ಮುಕ್ಕಾಲಿನ ಮೂರನೇ ಒಂದು, ಕಾಲು ಟ್ಯಾಂಕ್; ಉಳಿದದ್ದು ಅರ್ಧ. 'ಯಾವುದರ ಭಾಗ?' ಎಂದು ಪ್ರತಿ ಸಲ ಕೇಳುವ ರೂಢಿ ಮಾಡಿಸಿ. ಎರಡೂ ಒಂದೇ ಪೂರ್ಣದ ಭಾಗಗಳಾಗಿದ್ದರೆ ಮಾತ್ರ ನೇರವಾಗಿ ಕಳೆಯಲು ಬರುತ್ತದೆ.

ಎಲ್ಲಿಂದ ಶುರು ಮಾಡಲಿ ಎಂದು ಕೇಳಿದ್ದೀರಿ. ಲೆಕ್ಕ ಬಿಡಿಸುವ ಮೊದಲು ಉತ್ತರ ಅರ್ಧಕ್ಕಿಂತ ಹೆಚ್ಚೋ ಕಡಿಮೆಯೋ ಎಂದು ಬಾಯಲ್ಲಿ ಹೇಳಿಸಿ, ಆಮೇಲೆ ಬರೆಯಲು ಬಿಡಿ. 5/6 ಒಂದಕ್ಕೆ ಹತ್ತಿರ, ಕಾಲು ತೆಗೆದರೆ ಅರ್ಧದ ಸ್ವಲ್ಪ ಆಚೆ. ಹೀಗೆ ಅಂದಾಜು ಮಾಡಿದ ಮಗು 2 ಎಂದು ಬರೆದು ಸುಮ್ಮನೆ ಮುಂದೆ ಹೋಗುವುದಿಲ್ಲ. ನಾನಾಗಿದ್ದರೆ ಅಂದಾಜು ಕೈಹಿಡಿಯುವ ತನಕ ಲ.ಸಾ.ಅ. ಹೆಸರನ್ನೇ ಎತ್ತುತ್ತಿರಲಿಲ್ಲ. ದಿನಕ್ಕೆ ನಾಲ್ಕು ಲೆಕ್ಕ ಸಾಕು, ನಲವತ್ತು ಬೇಡ.

ಲೆಕ್ಕಗಳ ಕ್ರಮವೂ ಮುಖ್ಯ. ಮೊದಲು ಒಂದು ಛೇದ ಇನ್ನೊಂದರೊಳಗೆ ಹೋಗುವಂಥವು: 7/8 − 1/4, 7/12 − 1/3. ಇಲ್ಲಿ ಒಂದನ್ನು ಮಾತ್ರ ಬದಲಿಸಿದರೆ ಸಾಕು. ಆಮೇಲೆ ಸಾಮಾನ್ಯ ಅಪವರ್ತನ ಇಲ್ಲದವು: 2/3 − 1/5. ಆಮೇಲೆ ಅಪವರ್ತನ ಹಂಚಿಕೊಳ್ಳುವಂಥವು: 7/10 − 4/15, 11/12 − 5/18. ಕೊನೆಗೆ ಸಾಲದವು: 5 − 2 3/7, 4 1/6 − 2 3/4. ಬೇಸರವಾದ ದಿನ ಇದನ್ನು ಕೊಡಿ: 1/2 − 1/3, 1/3 − 1/4, 1/4 − 1/5. ಉತ್ತರ 1/6, 1/12, 1/20. ಮುಂದಿನದು ಏನಿರಬಹುದು ಎಂದು ಲೆಕ್ಕ ಮಾಡದೆ ಹೇಳಲಿ. ಹೇಳಿದರೆ, 1/2 + 1/6 + 1/12 + 1/20 ಎಷ್ಟು ಎಂದು ಕೇಳಿ. ಮೊದಲ ಅರ್ಧವನ್ನು 1 − 1/2 ಎಂದೂ, ಉಳಿದವನ್ನು ಈಗಷ್ಟೇ ಮಾಡಿದ ವ್ಯತ್ಯಾಸಗಳಾಗಿಯೂ ಬರೆದುಕೊಂಡರೆ ನಡುವಿನವೆಲ್ಲ ಒಂದಕ್ಕೊಂದು ಹೋಗಿ 1 − 1/5, ಅಂದರೆ 4/5 ಉಳಿಯುತ್ತದೆ. ಇದೇ ಉಪಾಯ ಮುಂದೆ ಪಿಯುಸಿಯಲ್ಲಿ ದೊಡ್ಡ ಹೆಸರಿನೊಂದಿಗೆ ಬರುತ್ತದೆ.

ಮೂರು ಭಿನ್ನರಾಶಿ ಒಟ್ಟಿಗೆ ಬಂದಾಗ, ಉದಾಹರಣೆಗೆ 7/8 − 1/6 − 1/4, ಓರೆ ಗುಣಾಕಾರದಿಂದ ಒಂದು ಸಲ ಮಾಡಿಸಿ: ಮೊದಲು 34/48, ಆಮೇಲೆ 88/192. ಅದನ್ನೇ 24ರ ಪಾಲುಗಳಲ್ಲಿ ಮಾಡಿದರೆ 21 − 4 − 6 = 11, ಉತ್ತರ 11/24. ಎರಡನ್ನೂ ಅಕ್ಕಪಕ್ಕ ಬರೆದು ನೋಡಿದರೆ ಶಾಲೆಯವರು ಲ.ಸಾ.ಅ. ಯಾಕೆ ಕೇಳುತ್ತಾರೆ ಎಂದು ಅವಳಿಗೂ ನಿಮಗೂ ತಿಳಿಯುತ್ತದೆ.

ನೀವು ತಾಳೆ ನೋಡಿಕೊಳ್ಳಲು ಮೇಲಿನ ಲೆಕ್ಕಗಳ ಉತ್ತರ ಅದೇ ಕ್ರಮದಲ್ಲಿ: 5/8, 1/4, 7/15, 13/30, 23/36, 2 4/7, 1 5/12.